ವೃತ್ತಿ, ಹವ್ಯಾಸ, ಬಿಕರಿ: ಹೆಂಗಸರ ಕ್ರಿಕೆಟ್ಟಿನ ಚರಿತ್ರೆಯನ್ನು ಹೇಳುವ ಬಗೆ

ಕೆಲವು ವರ್ಷಗಳಿಂದ ನಮ್ಮ ಪತ್ರಿಕೆಗಳ ಕ್ರೀಡಾಪುಟಗಳನ್ನು ಓದುತ್ತಿರುವವರ ಕಣ್ಣಿಗೆ ಒಂದು ಮಾತು ಬೀಳದೆ ಇರಲಾರದು. ಆ ಮಾತು ‘ಬಿಕರಿ’. ೨೦೨೩ನೆಯ ಇಸವಿ ಫೆಬ್ರವರಿ ೧೩ರಂದು ಮುಂಬಯಿಯಲ್ಲಿ ಮಹಿಳಾ ಪ್ರೀಮಿಯರ್ ಲೀಗ್ ಎಂಬ ಪಂದ್ಯಾವಳಿಗಾಗಿ ಆಟಗಾರ್ತಿಯರ ಮೊದಲ ಹರಾಜು ನಡೆಯಿತು. ಸಾಂಗ್ಲಿಯಲ್ಲಿ ಬೆಳೆದ ಸ್ಮೃತಿ ಮಂಧಾನ ಅವರಿಗೆ ಬೆಂಗಳೂರಿನ ತಂಡವು ೩ ಕೋಟಿ ೪೦ ಲಕ್ಷ ರೂಪಾಯಿ ಕೊಡಲೊಪ್ಪಿತು. ಅಂದಿನ ಹರಾಜಿನಲ್ಲಿ ಅದೇ ಅತ್ಯಧಿಕವಾದ ಮೊತ್ತ. ಇಂಥ ಸಂಗತಿಯನ್ನು ತಿಳಿಸುವಾಗ ಇಂಥವರು ಇಷ್ಟು ಕೋಟಿಗೆ ಬಿಕರಿಯಾದರೆಂದು ಬರೆಯುವುದು ನಮ್ಮಲ್ಲಿ ರೂಢಿಯಾಗಿದೆ. ಗಂಡಸರ ಹರಾಜಿನ ಕಾಲದಲ್ಲಿ ಬಳಕೆಗೆ ಬಂದ ಮಾತು ಇದು. ಹೆಂಗಸರಿಗೆಂದು ಹೊಸದಾಗಿ ಹುಟ್ಟಿದುದಲ್ಲ. ಸಂಸ್ಕೃತದ ವಿಕ್ರಯಕ್ಕೆ ನಂಟಾಗಿ ಸಂತೆಯ ದಾರಿಯಿಂದ ಬಂದ ಈ ಶಬ್ದವು ದನಕ್ಕೆ ಸಲ್ಲುತ್ತದೆ, ಧಾನ್ಯಕ್ಕೆ ಸಲ್ಲುತ್ತದೆ, ಮನೆ ಹೊಲಗಳಿಗೆ ಸಲ್ಲುತ್ತದೆ. ಮನುಷ್ಯರ ದುಡಿಮೆಗೆ ಕೊಡುವ ಹಣಕ್ಕೆ ನಮ್ಮಲ್ಲಿ ಕೂಲಿ, ಸಂಬಳ, ವೇತನ, ಸಂಭಾವನೆ ಎಂದು ಬೇರೆ ಮಾತುಗಳು ಬೇಕಾದಷ್ಟಿವೆ. ಅವೆಲ್ಲವನ್ನೂ ಬಿಟ್ಟು ಬಿಕರಿಯನ್ನೇ ಆರಿಸಿಕೊಂಡುದರಲ್ಲಿ ನಮ್ಮ ಕಾಲದ ಒಂದು ಅಭಿಪ್ರಾಯ ಅಡಗಿದೆ. ಪ್ರಕೃತ ಲೇಖನದ ಉದ್ದೇಶ ಆ ಅಭಿಪ್ರಾಯವನ್ನು ಪರೀಕ್ಷಿಸುವುದು.

ಹೆಂಗಸರ ಕ್ರಿಕೆಟ್ಟಿನ ಏಳಿಗೆಯನ್ನು ಈಚೆಗೆ ಹೇಳುವವರೆಲ್ಲರೂ ಹೆಚ್ಚುಕಡಿಮೆ ಒಂದೇ ಕಥೆಯನ್ನು ಹೇಳುತ್ತಾರೆ. ಮೊದಲು ಏನೂ ಇರಲಿಲ್ಲ; ಕೆಲವರು ವಿನೋದಕ್ಕಾಗಿ ಆಡುತ್ತಿದ್ದರು; ಆಮೇಲೆ ಮಂಡಲಿಗಳು ಕಣ್ಣು ತೆರೆದುವು; ಹಣ ಬಂದಿತು; ಹಣದೊಡನೆ ಆಟವೂ ಬಂದಿತು. ಏಣಿಯ ಮೆಟ್ಟಿಲುಗಳಂತೆ ಹವ್ಯಾಸ ಕೆಳಗೆ, ವೃತ್ತಿ ಮೇಲೆ. ಈ ಕಥೆಯಲ್ಲಿ ಸುಳ್ಳು ಸ್ವಲ್ಪವೇ ಇದೆ. ಆದರೆ ಆ ಸ್ವಲ್ಪವು ಕಥೆಯ ನಡುತೊಲೆಯಲ್ಲಿಯೇ ಇರುವುದರಿಂದ ಇಡಿಯ ಕಟ್ಟಡವೇ ವಾಲಿಕೊಂಡಿದೆಯೆಂದು ನನ್ನ ಅಭಿಪ್ರಾಯ. ಹೆಂಗಸರ ಆಟದಲ್ಲಿ ವೃತ್ತಿಯು ಹವ್ಯಾಸದ ಅನಂತರ ಬಂದುದಲ್ಲ. ಮೊದಲೇ ಬಂದಿತ್ತು, ಮಾನ ಕಳೆದುಕೊಂಡು ಹೋಯಿತು. ಆ ಹೋದ ಮಾನವನ್ನು ಗಳಿಸಿಕೊಳ್ಳುವುದಕ್ಕಾಗಿಯೇ ಹೆಂಗಸರು ಮುಂದೆ ಹಲವು ದಶಕಗಳ ಕಾಲ ಕೂಲಿಯನ್ನು ತಾವಾಗಿ ಬಿಟ್ಟುಕೊಟ್ಟರು. ಅವರ ಹವ್ಯಾಸವೆಂಬುದು ಆಟದ ಬಾಲ್ಯಾವಸ್ಥೆಯಲ್ಲ, ಮಾನಕ್ಕೆ ತೆತ್ತ ಬೆಲೆ.

ಕನ್ನಡಿಗರಿಗೆ ಇದು ತಿಳಿಯದ ವಿಷಯವಾಗಬೇಕಾಗಿಲ್ಲ. ವೃತ್ತಿ, ಹವ್ಯಾಸ ಎಂಬ ಜೋಡಿಪದಗಳು ನಮಗೆ ಪರಿಚಿತವಾದುದು ಆಟದ ಬಯಲಿನಿಂದಲ್ಲ, ನಾಟಕದಿಂದ. ವೃತ್ತಿ ರಂಗಭೂಮಿ, ಹವ್ಯಾಸಿ ರಂಗಭೂಮಿ ಎಂದು ನಾವು ವಿಭಾಗಿಸುತ್ತೇವೆ. ಅಲ್ಲಿ ಯಾವುದು ಮೇಲು, ಯಾವುದು ಕೀಳು? ಊರಿಂದೂರಿಗೆ ಸಾಮಾನು ಹೇರಿಕೊಂಡು ಹೋಗಿ, ಟಿಕೆಟ್ಟಿನ ಹಣದಿಂದ ಹೊಟ್ಟೆ ಹೊರೆದ ಕಂಪೆನಿಯವರನ್ನು ಜನ ಮುಗಿಬಿದ್ದು ನೋಡಿದರು. ಮನೆಯೊಳಕ್ಕೆ ಕರೆಯಲು ಮಾತ್ರ ಹಿಂದೆಗೆದರು. ಹವ್ಯಾಸಿಗಳೋ ಓದಿದವರು, ಉದ್ಯೋಗಸ್ಥರು, ಮರ್ಯಾದಸ್ಥರು. ಕಂಪೆನಿ ನಾಟಕದಲ್ಲಿ ಹೆಂಗಸರ ಪಾತ್ರವನ್ನು ಬಹುಕಾಲ ಗಂಡಸರೇ ಕಟ್ಟುತ್ತಿದ್ದುದಕ್ಕೂ, ಆಮೇಲೆ ಬಣ್ಣ ಹಚ್ಚಿದ ಹೆಂಗಸರು ಹಣದೊಂದಿಗೆ ಊರ ಮಾತನ್ನೂ ಸಂಪಾದಿಸಬೇಕಾಗಿ ಬಂದುದಕ್ಕೂ ಕಾರಣ ಒಂದೇ: ಹೆಣ್ಣು ಹತ್ತು ಜನರೆದುರಿಗೆ ತನ್ನ ದೇಹದ ಚಾತುರ್ಯವನ್ನು ತೋರಿಸಿ ಹಣ ಪಡೆದರೆ ಲೋಕ ಅವಳ ಚಾತುರ್ಯವನ್ನು ಮರೆತು ಹಣವನ್ನು ಮಾತ್ರ ನೋಡುತ್ತದೆ. ಇದನ್ನು ನೆನಪಿನಲ್ಲಿಟ್ಟುಕೊಂಡು ಇಂಗ್ಲೆಂಡಿನ ಚರಿತ್ರೆಯನ್ನು ನೋಡೋಣ.

ಬರವಣಿಗೆಯಲ್ಲಿ ದೊರೆಯುವ ಮೊದಲ ಹೆಂಗಸರ ಪಂದ್ಯ ೧೭೪೫ರ ಜುಲೈ ೨೬ರಂದು ಸರ‍್ರೆ ಪ್ರಾಂತದ ಗಾಸ್ಡನ್ ಕಾಮನ್ನಿನಲ್ಲಿ ನಡೆದುದು. ಬ್ರ್ಯಾಮ್ಲಿಯ ಹನ್ನೊಂದು ಕನ್ಯೆಯರಿಗೂ ಹ್ಯಾಂಬಲ್ಡನ್ನಿನ ಹನ್ನೊಂದು ಕನ್ಯೆಯರಿಗೂ ಆಟ. ಎಲ್ಲರದೂ ಬಿಳಿಯ ಉಡುಪು. ಒಂದು ತಂಡಕ್ಕೆ ನೀಲಿ ಪಟ್ಟಿ, ಇನ್ನೊಂದಕ್ಕೆ ಕೆಂಪು. ಹ್ಯಾಂಬಲ್ಡನ್ನಿನವರು ೧೨೭, ಬ್ರ್ಯಾಮ್ಲಿಯವರು ೧೧೯. ರೆಡಿಂಗ್ ಮರ್ಕ್ಯುರಿ ಪತ್ರಿಕೆಯ ವರದಿಗಾರನು ಈ ಹೆಣ್ಣುಮಕ್ಕಳು ಬಹುಮಂದಿ ಗಂಡಸರಿಗೆ ಸರಿಯಾಗಿ ಆಡಿದರೆಂದು ಮೆಚ್ಚಿಕೊಂಡಿದ್ದಾನೆ. ಅಂದಿನಿಂದ ಇಂದಿನವರೆಗೆ ಹೆಂಗಸರ ಆಟದ ಪ್ರಶಂಸೆಯು ಈ ಒಂದು ಅಳತೆಗೋಲನ್ನು ಬಿಟ್ಟು ಕದಲಿಲ್ಲವೆಂಬುದನ್ನು ಇಲ್ಲಿಯೇ ಗುರುತಿಸಿಕೊಳ್ಳಬಹುದು. ೧೮೧೧ರಲ್ಲಿ ಹ್ಯಾಂಪ್‌ಷೈರಿನ ಹೆಂಗಸರೂ ಸರ‍್ರೆಯ ಹೆಂಗಸರೂ ಲಂಡನ್ನಿನ ಬಳಿ ಆಡಿದಾಗ ಇಬ್ಬರು ಶ್ರೀಮಂತರು ಪಕ್ಷಕ್ಕೆ ೫೦೦ ಗಿನಿಯಂತೆ ಪಣ ಒಡ್ಡಿದ್ದರು. ಆದುದರಿಂದ ಹೆಂಗಸರ ಆಟಕ್ಕೂ ಹಣಕ್ಕೂ ನಂಟು ನಿನ್ನೆ ಮೊನ್ನೆಯದಲ್ಲ. ಪಣ ಒಡ್ಡಿದವರೂ ಗೆದ್ದವರೂ ಬೇರೆ ಎಂಬುದಷ್ಟೇ ಇಲ್ಲಿಯ ಸ್ವಾರಸ್ಯ.

ಇದೇ ಕಾಲಕ್ಕೆ ಸೇರಿದ ಒಂದು ಐತಿಹ್ಯವನ್ನು ಪಾಠವಿಮರ್ಶೆಯಲ್ಲಿ ಆಸಕ್ತಿಯುಳ್ಳವರು ಗಮನಿಸಬೇಕು. ಕೆಂಟ್ ಪ್ರಾಂತದ ಜಾನ್ ವಿಲ್ಸ್ ಎಂಬುವನಿಗೆ ಅವನ ತಂಗಿ ಕ್ರಿಸ್ಟಿನಾ ಚೆಂಡೆಸೆಯುತ್ತಿದ್ದಳಂತೆ. ಅವಳ ಲಂಗದ ಬಳೆಗಳು ಅಗಲವಾಗಿದ್ದುದರಿಂದ ಕೈಯನ್ನು ಕೆಳಗಿನಿಂದ ಬೀಸಲಾರದೆ ಪಕ್ಕದಿಂದ ಎತ್ತಿ ಎಸೆದಳಂತೆ. ಅದನ್ನು ನೋಡಿ ಅಣ್ಣನು ಹೊಸ ಎಸೆತವನ್ನು ಕಲಿತನಂತೆ. ೧೮೨೨ರಲ್ಲಿ ಲಾರ್ಡ್ಸ್ ಮೈದಾನದಲ್ಲಿ ಈ ಎಸೆತವನ್ನು ನಿಯಮಬಾಹಿರವೆಂದು ಅಂಪೈರನು ಸಾರಿದನೆಂಬುದು ಇತಿಹಾಸ. ಆದರೆ ತಂಗಿಯ ಲಂಗದ ಕಥೆ ಮಾತ್ರ ನಿಲ್ಲುವುದಿಲ್ಲ: ಆ ವೇಳೆಗೆ ಬಳೆಯ ಲಂಗಗಳ ಷೋಕಿ ಇಂಗ್ಲೆಂಡಿನಲ್ಲಿ ಮುಗಿದಿತ್ತೆಂದು ಬಲ್ಲವರು ತೋರಿಸಿದ್ದಾರೆ. ಹಾಗಾದರೆ ಕಥೆ ಏಕೆ ಉಳಿಯಿತು? ಆಟದ ಬೆಳವಣಿಗೆಯಲ್ಲಿ ಹೆಣ್ಣಿಗೊಂದು ಸ್ಥಾನವನ್ನು ಕೊಡಲೇಬೇಕಾಗಿ ಬಂದಾಗ, ಅವಳ ಬುದ್ಧಿಗೆ ಕೊಡುವುದಕ್ಕಿಂತ ಉಡುಪಿಗೆ ಕೊಡುವುದು ಸುಲಭವಾಗಿ ತೋರಿತು. ತಂಗಿಯು ಯೋಚಿಸಿ ಎಸೆದಳೆಂದು ಹೇಳುವ ಪಾಠಾಂತರ ಒಂದೂ ಹುಟ್ಟಲಿಲ್ಲ. ಈ ಲಂಗವು ಚರಿತ್ರಕಾರರನ್ನು ಬಿಟ್ಟು ತೊಲಗಿದುದೂ ಇಲ್ಲ. ಇಸಬೆಲ್ ಡಂಕನ್ ೨೦೧೩ರಲ್ಲಿ ಪ್ರಕಟಿಸಿದ ಹೆಂಗಸರ ಕ್ರಿಕೆಟ್ಟಿನ ಚರಿತ್ರೆಯ ಹೆಸರೇ ಸ್ಕರ್ಟಿಂಗ್ ದಿ ಬೌಂಡರಿ. ಅಂಚನ್ನು ಬಳಸಿ ಹೋಗುವುದು ಎಂಬ ಅರ್ಥದೊಳಗೆ ಲಂಗವನ್ನು ಶ್ಲೇಷೆಯಾಗಿ ಮಡಿಸಿಟ್ಟಿದೆ. ಶ್ಲೇಷೆ ಚೆನ್ನಾಗಿಯೇ ಇದೆ. ಪುಸ್ತಕವೂ ಹೆಂಗಸರ ಪಕ್ಷದ್ದೇ. ಆದರೂ ಗಂಡಸರ ಕ್ರಿಕೆಟ್ಟನ್ನು ಕುರಿತ ಗ್ರಂಥಕ್ಕೆ ಷರಾಯಿಯ ಮೇಲೆ ಶ್ಲೇಷೆ ಕಟ್ಟಿದವರನ್ನು ನಾನು ಕಂಡಿಲ್ಲ.

ಈಗ ೧೮೯೦ಕ್ಕೆ ಬರೋಣ. ನನ್ನ ವಾದಕ್ಕೆ ಇದೇ ಮುಖ್ಯವಾದ ವರ್ಷ. ಆ ವರ್ಷ ಇಂಗ್ಲೆಂಡಿನಲ್ಲಿ ಒಂದು ಕಂಪೆನಿಯವರು ‘ಒರಿಜಿನಲ್ ಇಂಗ್ಲಿಷ್ ಲೇಡಿ ಕ್ರಿಕೆಟರ್ಸ್’ ಎಂಬ ಹೆಸರಿನಿಂದ ಹೆಂಗಸರ ಎರಡು ತಂಡಗಳನ್ನು ಕಟ್ಟಿದರು. ಒಂದಕ್ಕೆ ಕೆಂಪು ಬಣ್ಣ, ಇನ್ನೊಂದಕ್ಕೆ ನೀಲಿ. ಅವರಿಗೆ ತರಬೇತು ಕೊಡಿಸಿ, ಕಾವಲಿಗೆ ಒಬ್ಬ ಹಿರಿಯ ಹೆಂಗಸನ್ನು ಜೊತೆಮಾಡಿ, ಊರಿಂದೂರಿಗೆ ಕರೆದುಕೊಂಡು ಹೋಗಿ ಆಡಿಸಿದರು. ಜನ ಸಾವಿರಗಟ್ಟಲೆ ನೆರೆದರು. ಇವರು ಹಣಕ್ಕಾಗಿ ಆಡಿದ ಹೆಂಗಸರು. ಶಬ್ದದ ಯಾವ ಅರ್ಥದಿಂದ ನೋಡಿದರೂ ವೃತ್ತಿಯವರು. ಆದರೆ ಇವರು ಆಡಿದುದು ತಮ್ಮ ಹೆಸರಿನಿಂದಲ್ಲ, ಇಟ್ಟುಕೊಂಡ ಹೆಸರುಗಳಿಂದ. ಕಂಪೆನಿ ನಾಟಕದ ನಟಿಯರನ್ನು ಇದು ನೆನಪಿಗೆ ತರುವುದಿಲ್ಲವೇ? ದುಡಿಮೆ ಇದೆ, ಪ್ರೇಕ್ಷಕರಿದ್ದಾರೆ, ಹೆಸರಿಲ್ಲ. ಕೊನೆಗೆ ವ್ಯವಸ್ಥಾಪಕನು ಲಾಭದ ಹಣವನ್ನು ಎತ್ತಿಕೊಂಡು ಪರಾರಿಯಾದನೆಂದೂ ತಂಡಗಳು ಚೆದುರಿಹೋದುವೆಂದೂ ಕಥೆ ಮುಗಿಯುತ್ತದೆ. ಬಹುಮಂದಿ ಲೇಖಕರು ಈ ಪ್ರಸಂಗವನ್ನು ನಗೆಯ ಮಾತಾಗಿ ಒಂದು ವಾಕ್ಯದಲ್ಲಿ ಮುಗಿಸಿಬಿಡುತ್ತಾರೆ. ಹೆಂಗಸರು ಆಡಿದ್ದರಿಂದ ಆಟ ನಿಂತಿತೆಂದು ಓದುಗನಿಗೆ ಅನ್ನಿಸುವಂತೆ ಆ ವಾಕ್ಯ ಇರುತ್ತದೆ. ನಿಂತುದು ಗಂಡಸು ಹಣ ಕದ್ದುದರಿಂದ.

೧೯೨೬ರಲ್ಲಿ ಇಂಗ್ಲೆಂಡಿನ ಮಹಿಳಾ ಕ್ರಿಕೆಟ್ ಸಂಘವು ಹುಟ್ಟಿತು. ಹಾಕಿ ಮೊದಲಾದ ಆಟಗಳಲ್ಲಿ ಪಳಗಿದ ವಿದ್ಯಾವಂತ ಸ್ತ್ರೀಯರು ಅದರ ಮೂಲಪುರುಷರು. (‘ಮೂಲಪುರುಷರು’ ಎಂದು ಬರೆದುಬಿಟ್ಟೆ, ಇದಕ್ಕೆ ಬದಲಾಗಿ ಏನು ಬರೆಯಬೇಕೆಂಬುದನ್ನು ಓದುಗರು ಯೋಚಿಸಲಿ.) ಉಡುಪಿನ ಬಣ್ಣ, ಉದ್ದಗಳ ವಿಷಯದಲ್ಲಿ ಈ ಸಂಘದ ನಿಯಮಗಳು ಬಹಳ ಕಟ್ಟುನಿಟ್ಟು. ಕೂಲಿಗೆ ಆಡುವ ಮಾತೇ ಇಲ್ಲ. ಇಂದಿನವರು ಇದನ್ನು ಓದಿ ನಕ್ಕು, ಪಾಪ, ಮೇಲುವರ್ಗದ ಹೆಂಗಸರ ಕಾಲಕ್ಷೇಪವೆಂದು ತಳ್ಳಿಹಾಕುತ್ತಾರೆ. ವರ್ಗದ ಮಾತು ದಿಟ. ಶಾಲೆಯೂ ಬಿಡುವೂ ಇದ್ದವರಿಗೆ ಮಾತ್ರ ಈ ಸಂಘದ ಬಾಗಿಲು ತೆರೆದಿತ್ತು. ಕಾಲಕ್ಷೇಪದ ಮಾತು ದಿಟವಲ್ಲ. ೧೯೩೪ರಲ್ಲಿ ಇಂಗ್ಲೆಂಡಿನ ತಂಡ ಆಸ್ಟ್ರೇಲಿಯಕ್ಕೆ ಹೊರಟಾಗ ಹಡಗಿನ ಚಾರ್ಜನ್ನು ಆಟಗಾರ್ತಿಯರೇ ಕೈಯಿಂದ ಕೊಟ್ಟರು. ಡಿಸೆಂಬರ್ ೨೮ರಂದು ಬ್ರಿಸ್ಬೇನಿನಲ್ಲಿ ಆರಂಭವಾದ ಹೆಂಗಸರ ಮೊಟ್ಟಮೊದಲ ಟೆಸ್ಟ್ ಪಂದ್ಯದಲ್ಲಿ ಮರ್ಟಲ್ ಮೆಕ್ಲಾಗನ್ ೧೦ ಓಟಗಳನ್ನು ಕೊಟ್ಟು ೭ ವಿಕೆಟ್ ಕಿತ್ತರು. ಆಸ್ಟ್ರೇಲಿಯದವರು ೪೭ಕ್ಕೆ ಕುಸಿದರು. ಎರಡು ವರ್ಷದ ಹಿಂದೆಯಷ್ಟೇ ಇವೆರಡು ದೇಶಗಳ ಗಂಡಸರು ದೇಹಕ್ಕೆ ಗುರಿಯಿಟ್ಟ ಎಸೆತದ ಜಗಳದಲ್ಲಿ ಮುಖ ಮುರಿದುಕೊಂಡಿದ್ದರು. ಕೆಟ್ಟುಹೋದ ಸ್ನೇಹವನ್ನು ತಮ್ಮ ಖರ್ಚಿನಲ್ಲಿ ಹೋಗಿ ಸರಿಪಡಿಸಿ ಬಂದವರು ಹೆಂಗಸರು.

ಇವರಿಗೆ ಹಣವನ್ನು ಕೇಳಲು ಗೊತ್ತಿರಲಿಲ್ಲವೆಂದಲ್ಲ. ಕೇಳಿದ್ದರೆ ಏನಾಗುತ್ತಿತ್ತೆಂಬುದು ೧೮೯೦ರಿಂದ ಗೊತ್ತಿತ್ತು. ಮೈದಾನಗಳನ್ನು ಬಾಡಿಗೆಗೆ ಕೊಡುವವರು ಗಂಡಸರು, ಬರೆಯುವ ಪತ್ರಕರ್ತರು ಗಂಡಸರು. ಎದುರಿಗೆ ಇಟ್ಟುಕೊಳ್ಳಬಹುದಾದ ಗುರಾಣಿಯೆಂದರೆ ಮರ್ಯಾದೆಯೊಂದೇ. ಗಂಡಸರ ಕ್ರಿಕೆಟ್ಟಿನಲ್ಲೂ ಹವ್ಯಾಸಿಗಳು ‘ಸದ್ಗೃಹಸ್ಥರು’, ವೃತ್ತಿಯವರು ಬರಿಯ ‘ಆಟಗಾರರು’ ಎಂಬ ಭೇದ ೧೯೬೨ರ ಕೊನೆಯವರೆಗೂ ಇತ್ತೆಂಬುದನ್ನು ಇಲ್ಲಿ ನೆನೆಯಬೇಕು. ಆದರೆ ಗಂಡಸು ಕೂಲಿ ಪಡೆದರೆ ಕೆಳಮನೆಯ ಬಾಗಿಲಿಂದ ಒಳಗೆ ಬರಬಹುದಾಗಿತ್ತು. ಹೆಂಗಸು ಪಡೆದರೆ ಹೊರಗೆ. ಮಾರ್ಜೋರಿ ಪೊಲಾರ್ಡ್ ೧೯೩೦ರಿಂದ ‘ವಿಮೆನ್ಸ್ ಕ್ರಿಕೆಟ್’ ಎಂಬ ಪತ್ರಿಕೆಯನ್ನು ನಡೆಸಿದುದಕ್ಕೂ ಇದೇ ಕಾರಣ: ತಮ್ಮ ಆಟವನ್ನು ತಾವೇ ಬರೆದಿಡದಿದ್ದರೆ ಇನ್ನಾರೂ ಬರೆಯುವವರಿಲ್ಲ. ಇಂದು ಅವರ ಚರಿತ್ರೆಯನ್ನು ಬರೆಯಲು ಸಾಧ್ಯವಾಗಿರುವುದು ಇಂಥ ಪುಟಗಳಿಂದ. ಸಂಬಳವಿಲ್ಲದೆ ಸಂಪಾದಕತ್ವ ಮಾಡಿದ ನಮ್ಮ ಕನ್ನಡ ಪತ್ರಿಕೆಗಳ ಹಿರಿಯರನ್ನು ಬಲ್ಲವರಿಗೆ ಇದರ ಬೆಲೆ ತಿಳಿದೀತು.

ಗುರಾಣಿಯೇ ಮುಂದೆ ಸಂಕೋಲೆಯಾಯಿತೆಂಬುದನ್ನೂ ಮುಚ್ಚಿಡಬೇಕಾಗಿಲ್ಲ. ಹೆಂಗಸರ ಮೊದಲ ವಿಶ್ವಕಪ್ ೧೯೭೩ರಲ್ಲಿ, ಗಂಡಸರದಕ್ಕಿಂತ ಎರಡು ವರ್ಷ ಮೊದಲೇ, ರೇಚಲ್ ಹೇಹೋ ಫ್ಲಿಂಟ್ ಅವರ ಪ್ರಯತ್ನದಿಂದ ನಡೆಯಿತು. ಅದಕ್ಕೆ ಜ್ಯಾಕ್ ಹೇವರ್ಡ್ ಎಂಬ ಒಬ್ಬ ಧನಿಕರ ೪೦,೦೦೦ ಪೌಂಡುಗಳ ಔದಾರ್ಯ ಬೇಕಾಯಿತು. ದಾನದಿಂದ ನಡೆಯುವ ಆಟ ದಾನಿಯ ಮನಸ್ಸನ್ನು ಕಾದುಕೊಂಡಿರಬೇಕು. ಇಂಗ್ಲೆಂಡಿನ ಆಟಗಾರ್ತಿಯರಿಗೆ ಪೂರ್ಣಾವಧಿಯ ಕರಾರು ದೊರೆತುದು ೨೦೧೪ರಲ್ಲಿ.

ನಮ್ಮ ದೇಶದ ಕಥೆ ಬೇರೆಯ ಬಗೆಯದು. ಇಲ್ಲಿ ೧೮೯೦ ಇಲ್ಲ, ಲಾರ್ಡ್ಸ್ ಇಲ್ಲ. ೧೯೭೩ರಲ್ಲಿ ಮಹೇಂದ್ರಕುಮಾರ ಶರ್ಮರ ಯತ್ನದಿಂದ ಭಾರತದ ಮಹಿಳಾ ಕ್ರಿಕೆಟ್ ಸಂಘ ಹುಟ್ಟಿತು. ಅದೇ ವರ್ಷ ಪುಣೆಯಲ್ಲಿ ಮೊದಲ ಅಂತರರಾಜ್ಯ ಪಂದ್ಯಾವಳಿ. ಬಂದ ತಂಡಗಳು ಮೂರು. ಮೂರೂವರೆ ವರ್ಷದೊಳಗಾಗಿ, ೧೯೭೬ರ ಅಕ್ಟೋಬರ್ ೩೧ರಂದು, ಭಾರತದ ಹೆಂಗಸರು ತಮ್ಮ ಮೊದಲ ಟೆಸ್ಟ್ ಪಂದ್ಯವನ್ನು ವೆಸ್ಟ್ ಇಂಡೀಸಿನ ಎದುರು ಆಡಿದರು. ಅದು ನಡೆದುದು ಬೆಂಗಳೂರಿನಲ್ಲಿ; ನಾಯಕಿ ಶಾಂತಾ ರಂಗಸ್ವಾಮಿ. ಅದೇ ಮಾಲೆಯಲ್ಲಿ ಪಾಟ್ನಾದಲ್ಲಿ ಮೊದಲ ಗೆಲುವು. ೧೯೭೭ರ ಜನವರಿಯಲ್ಲಿ ನ್ಯೂಜಿಲೆಂಡಿನ ಡುನೆಡಿನ್ನಿನಲ್ಲಿ ಶಾಂತಾ ಅವರು ೧೦೮ ಓಟ ಹೊಡೆದುದು ಭಾರತದ ಹೆಂಗಸರ ಮೊದಲ ಟೆಸ್ಟ್ ಶತಕ. ಆ ಕಾಲದವರು ಕಾದಿರಿಸದ ರೈಲುಗಾಡಿಗಳಲ್ಲಿ ಪ್ರಯಾಣಮಾಡಿ, ಹಾಸಿಗೆ ಹೊತ್ತುಕೊಂಡು ಹೋಗಿ, ಸಾಲುಕೋಣೆಗಳಲ್ಲಿ ಮಲಗಿ ಎದ್ದು ಆಡಿದುದನ್ನು ಅವರೇ ಹೇಳಿದ್ದಾರೆ.

ಹಾಗಾದರೆ ಇವರು ಹವ್ಯಾಸಿಗಳೇ? ಇಲ್ಲಿ ಇಂಗ್ಲೆಂಡಿನಿಂದ ಬಂದ ಜೋಡಿಪದಗಳು ನಮ್ಮ ಕೈಬಿಡುತ್ತವೆ. ಶಾಂತಾ ರಂಗಸ್ವಾಮಿಯವರು ಕೆನರಾ ಬ್ಯಾಂಕಿನ ಅಧಿಕಾರಿಣಿ; ಡಯಾನಾ ಎಡುಲ್ಜಿ ರೈಲ್ವೆಯವರು; ಮುಂದಿನ ತಲೆಮಾರಿನ ಮಿತಾಲಿ ರಾಜ್ ರೈಲ್ವೆಯವರು, ಝೂಲನ್ ಗೋಸ್ವಾಮಿ ಏರ್ ಇಂಡಿಯಾದವರು. ರೈಲ್ವೆಯ ಮಹಿಳಾ ತಂಡವು ದೇಶದೊಳಗಿನ ಪಂದ್ಯಾವಳಿಗಳನ್ನು ವರ್ಷಗಟ್ಟಲೆ ಗೆದ್ದುದರ ಗುಟ್ಟು ಇಷ್ಟೆ: ಆಡಬಲ್ಲ ಹುಡುಗಿಗೆ ಹೆಚ್ಚಾಗಿ ಉದ್ಯೋಗ ಕೊಡುತ್ತಿದ್ದುದು ಆ ದೊಡ್ಡ ಸಂಸ್ಥೆಯೇ. ಆಟಕ್ಕೆ ಕೂಲಿಯಿಲ್ಲ, ಆದರೆ ಆಟದಿಂದ ಉದ್ಯೋಗ. ಉದ್ಯೋಗದಿಂದ ಮನೆಯವರ ಒಪ್ಪಿಗೆ. ಹೆಣ್ಣುಮಗಳು ಬಿಸಿಲಿನಲ್ಲಿ ಚೆಂಡು ಹಿಡಿದು ಏನು ಸಾಧಿಸುತ್ತಾಳೆಂದು ಕೇಳಿದ ತಂದೆಗೆ ಸರ್ಕಾರಿ ನೌಕರಿಯೆಂಬ ಉತ್ತರವಿತ್ತು. ಇಂಗ್ಲೆಂಡಿನ ಹೆಂಗಸರು ಕೂಲಿಯನ್ನು ಬಿಟ್ಟು ಮಾನವನ್ನು ಕೊಂಡರು; ನಮ್ಮವರು ರೈಲ್ವೆಯ ಮೇಜಿನ ಹಿಂದೆ ಕುಳಿತು ಎರಡನ್ನೂ ಸ್ವಲ್ಪಸ್ವಲ್ಪ ಉಳಿಸಿಕೊಂಡರು. ಈ ಮೂರನೆಯ ಸ್ಥಿತಿಗೆ ನಮ್ಮಲ್ಲಿ ಒಂದು ಹೆಸರು ಇನ್ನೂ ಹುಟ್ಟಿಲ್ಲ. ಹೆಸರಿಲ್ಲದುದರಿಂದ ಅದನ್ನು ಬರೆಯುವವರೂ ವಿರಳ. ಸಿದ್ಧಾಂತ ಪಟ್ನಾಯಕ್ ಮತ್ತು ಕಾರುಣ್ಯ ಕೇಶವ್ ೨೦೧೮ರಲ್ಲಿ ಇಂಗ್ಲಿಷಿನಲ್ಲಿ ಹೊರತಂದ ಭಾರತದ ಮಹಿಳಾ ಕ್ರಿಕೆಟ್ಟಿನ ಚರಿತ್ರೆಯು, ಆ ಆಟ ಕೋಟಿಗಳ ಮಾತಾಗುವ ಮೊದಲೇ ಈ ತಲೆಮಾರುಗಳನ್ನು ಹುಡುಕಿಕೊಂಡು ಹೋದ ಗ್ರಂಥವಾದುದರಿಂದ ವಿಶೇಷವಾಗಿ ಮನ್ನಣೆಗೆ ಅರ್ಹ.

೨೦೦೬ರಲ್ಲಿ ಮಹಿಳಾ ಸಂಘವು ಗಂಡಸರ ಮಂಡಲಿಯೊಳಕ್ಕೆ ಸೇರಿತು. ಇದಕ್ಕೆ ಹಿಂದಿನ ವರ್ಷ, ವಿಶ್ವಕಪ್ಪಿನ ಅಂತಿಮ ಪಂದ್ಯದವರೆಗೆ ಹೋದ ತಂಡಕ್ಕೆ ಪಂದ್ಯವೊಂದಕ್ಕೆ ಸಾವಿರ ರೂಪಾಯಿಯಂತೆ ದೊರೆತುದೆಂದು ಮಿತಾಲಿ ರಾಜ್ ಹೇಳಿದ್ದಾರೆ. ಸೇರಿದುದರಿಂದ ಮೈದಾನ, ಪ್ರಯಾಣ, ವಸತಿಗಳು ಸುಧಾರಿಸಿದುವೆಂಬುದರಲ್ಲಿ ಸಂಶಯವಿಲ್ಲ. ಆದರೆ ಏಣಿಯ ಕಥೆ ಹೇಳುವವರು ಬಿಟ್ಟುಬಿಡುವ ಒಂದು ಸಂಗತಿಯಿದೆ. ೨೦೦೬ರ ಆಗಸ್ಟಿನಿಂದ ೨೦೧೪ರ ಆಗಸ್ಟಿನವರೆಗೆ, ಎಂಟು ವರ್ಷಗಳ ಕಾಲ, ಭಾರತದ ಹೆಂಗಸರು ಒಂದೇ ಒಂದು ಟೆಸ್ಟ್ ಪಂದ್ಯವನ್ನೂ ಆಡಲಿಲ್ಲ.

೨೦೧೪ರ ನವೆಂಬರಿನಲ್ಲಿ ದಕ್ಷಿಣ ಆಫ್ರಿಕದ ತಂಡವು ಮೈಸೂರಿಗೆ ಬಂದು ಮಾನಸಗಂಗೋತ್ರಿಯ ಮಗ್ಗುಲಿನ ಗಂಗೋತ್ರಿ ಗ್ಲೇಡ್ಸ್ ಮೈದಾನದಲ್ಲಿ ಟೆಸ್ಟ್ ಆಡಿತು. ತಿರುಷ್ ಕಾಮಿನಿ ೧೯೨, ಪೂನಂ ರಾವತ್ ೧೩೦. ಇಬ್ಬರೂ ಸೇರಿ ಎರಡನೆಯ ವಿಕೆಟ್ಟಿಗೆ ೨೭೫. ಹರ್ಮನ್‌ಪ್ರೀತ್ ಕೌರ್ ಪಂದ್ಯದಲ್ಲಿ ೯ ವಿಕೆಟ್. ಭಾರತಕ್ಕೆ ಇನ್ನಿಂಗ್ಸ್ ಮತ್ತು ೩೪ ಓಟಗಳ ಗೆಲುವು. ೧೯೩೫ರಲ್ಲಿ ಬೆಟ್ಟಿ ಸ್ನೋಬಾಲ್ ಮಾಡಿದ ೧೮೯ನ್ನು ೧೯೮೬ರಲ್ಲಿ ವೂಸ್ಟರಿನಲ್ಲಿ ಸಂಧ್ಯಾ ಅಗರ್ವಾಲ್ ೧೯೦ ಹೊಡೆದು ಮೀರಿಸಿದ್ದರು. ಆ ಸಾಲಿಗೆ ಸೇರಬೇಕಾದ ಆಟ ಕಾಮಿನಿಯವರದು. ಕನ್ನಡ ವಿದ್ವತ್ತಿನ ದೊಡ್ಡ ಮನೆಯ ಪಕ್ಕದಲ್ಲಿಯೇ ಇದು ನಡೆಯಿತು. ಮರುವರ್ಷ, ೨೦೧೫ರಲ್ಲಿ, ಮಂಡಲಿಯು ಹನ್ನೊಂದು ಆಟಗಾರ್ತಿಯರಿಗೆ ಮೊದಲ ಬಾರಿಗೆ ವಾರ್ಷಿಕ ಕರಾರು ನೀಡಿತು: ಮೊದಲ ಶ್ರೇಣಿಗೆ ೧೫ ಲಕ್ಷ, ಎರಡನೆಯದಕ್ಕೆ ೧೦ ಲಕ್ಷ. ಗಂಡಸರ ಮೊದಲ ಶ್ರೇಣಿಗೆ ಆಗ ಒಂದು ಕೋಟಿ. ಇರಲಿ, ವೃತ್ತಿ ಬಂದಿತು. ಆದರೆ ಮೈಸೂರಿನ ಆ ಪಂದ್ಯದ ಅನಂತರ ಭಾರತದ ಹೆಂಗಸರು ಮತ್ತೆ ಟೆಸ್ಟ್ ಆಡಿದುದು ೨೦೨೧ರಲ್ಲಿ, ಬ್ರಿಸ್ಟಲಿನಲ್ಲಿ. ಹೆಂಗಸರು ಸಂಬಳ ಪಡೆಯತೊಡಗಿದ ವರ್ಷಗಳೇ ಅವರ ದೀರ್ಘವಾದ ಆಟ ಇಲ್ಲದೆಹೋದ ವರ್ಷಗಳು. ಮಹಾಕಾವ್ಯ ಬರೆಯಬಲ್ಲವರಿಗೆ ಸಂಭಾವನೆ ಗೊತ್ತುಮಾಡಿ ಚುಟುಕಗಳನ್ನು ಮಾತ್ರ ಬರೆಯಿಸಿಕೊಂಡಂತೆ. ಚುಟುಕದಲ್ಲಿ ಗುಣವಿಲ್ಲವೆಂದು ನಾನು ಹೇಳುತ್ತಿಲ್ಲ. ಇಪ್ಪತ್ತು ಓವರಿನ ಆಟವೇ ಜನರನ್ನು ಕರೆತಂದಿತು, ಹಣವನ್ನೂ ತಂದಿತು. ಆದರೆ ಹಣವನ್ನು ಕೊಡುವವನು ಆಟದ ಉದ್ದವನ್ನೂ ಗೊತ್ತುಮಾಡುತ್ತಾನೆಂಬುದು ವೃತ್ತಿಯ ಚರಿತ್ರೆಯಲ್ಲಿ ಬರೆಯಬೇಕಾದ ಮಾತು.

ಇನ್ನು ನಮ್ಮ ಭಾಷೆಯ ವಿಚಾರ. ಪತ್ರಿಕೆಗಳು ಹೆಂಗಸರ ತಂಡವನ್ನು ‘ವನಿತೆಯರು’ ಎಂದು ಕರೆಯುತ್ತ ಬಂದಿವೆ. ಅಮರಸಿಂಹನು ಸ್ತ್ರೀವಾಚಕಗಳನ್ನು ಹೇಳುವಾಗ ವನಿತಾ, ಮಹಿಳಾ ಎಂಬುವನ್ನು ಅಬಲಾ ಎಂಬುದರೊಡನೆ ಒಂದೇ ಶ್ಲೋಕದಲ್ಲಿ ಪೋಣಿಸಿದ್ದಾನೆ. ವನಿತೆಯೆಂದರೆ ಬಯಸಲ್ಪಟ್ಟವಳು. ವೇಗದ ಚೆಂಡೆಸೆಯುವವಳಿಗೆ ಈ ಹೆಸರು ಒಪ್ಪುತ್ತದೆಯೇ ಎಂದು ಒಂದು ಗಳಿಗೆ ಯೋಚಿಸುವುದು ಒಳ್ಳೆಯದು. ಇದಕ್ಕಿಂತ ವಿನೋದವಾದುದು ‘ಪಂದ್ಯ ಪುರುಷೋತ್ತಮ’. ಇಂಗ್ಲಿಷಿನ ಒಂದು ಸಪ್ಪೆಯಾದ ಪದಪುಂಜಕ್ಕೆ ಬದಲಾಗಿ ವಿಷ್ಣುವಿನ ಹೆಸರನ್ನೇ ತಂದ ಕನ್ನಡ ಪತ್ರಕರ್ತನ ರಸಿಕತೆಗೆ ತಲೆದೂಗಬೇಕು. ಹೆಂಗಸರ ಆಟ ಮುಂಬದಿಗೆ ಬಂದಾಗ ಆ ಪದ ತಾನಾಗಿ ಸರಿದು ‘ಪಂದ್ಯಶ್ರೇಷ್ಠ’ಕ್ಕೆ ಜಾಗ ಬಿಟ್ಟಿತು. ೨೦೨೧ರ ಸೆಪ್ಟೆಂಬರಿನಲ್ಲಿ ಎಂ.ಸಿ.ಸಿ.ಯವರು ನಿಯಮಗಳಲ್ಲಿ ‘ಬ್ಯಾಟ್ಸ್‌ಮನ್’ ಎಂಬುದನ್ನು ತೆಗೆದು ‘ಬ್ಯಾಟರ್’ ಎಂದು ತಿದ್ದಿದಾಗ ಇಂಗ್ಲೆಂಡಿನಲ್ಲಿ ವಾದವಿವಾದಗಳೆದ್ದುವು. ನಮ್ಮ ವ್ಯಾಕರಣದಲ್ಲಿ ಈ ತೊಡಕು ಅರ್ಧದಷ್ಟ ಮಾತ್ರ ಇದೆ. ‘ಹೊಡೆದನು’, ‘ಹೊಡೆದಳು’ ಎಂಬಲ್ಲಿ ಲಿಂಗವಿದೆ; ‘ಹೊಡೆದರು’ ಎಂದು ಗೌರವದ ಬಹುವಚನಕ್ಕೆ ಏರಿದೊಡನೆ ಗಂಡು ಹೆಣ್ಣು ಎರಡೂ ಒಂದಾಗುತ್ತವೆ. ಕನ್ನಡದಲ್ಲಿ ಸಮಾನತೆಯು ಗೌರವದ ಮೂಲಕ ಬರುತ್ತದೆಯೆಂದು ಹೇಳಿದರೆ ವೈಯಾಕರಣರು ಕ್ಷಮಿಸಬೇಕು.

ವೃತ್ತಿವಾಚಕಗಳ ವಿಷಯದಲ್ಲಂತೂ ನಮ್ಮ ಹಳೆಯ ಮಾತುಗಳು ಇಂದಿನ ಮಾತುಗಳಿಗಿಂತ ಮುಂದಿವೆ. ಅಗಸಗಿತ್ತಿ ಎಂದರೆ ಅಗಸನ ಹೆಂಡತಿಯೂ ಆದಾಳು. ಹೂವಾಡಗಿತ್ತಿಯು ಯಾರ ಹೆಂಡತಿಯೆಂದು ಯಾರೂ ಕೇಳುವುದಿಲ್ಲ. ಅವಳ ಬುಟ್ಟಿ ಅವಳದು. ಸೂಲಗಿತ್ತಿಗೆ ಪುಲ್ಲಿಂಗವೇ ಇಲ್ಲ. ತನ್ನ ಕೈಯ ಕೌಶಲದಿಂದ ಬಾಳುವ ಹೆಂಗಸಿಗೆ, ಗಂಡಸಿನ ಅಳತೆಗೋಲಿಲ್ಲದೆ, ಒಂದು ಹೆಸರನ್ನು ಕೊಡಬಲ್ಲ ಭಾಷೆ ಇದು. ‘ಆಟಗಾರ್ತಿ’ಯು ಈ ಕುಲಕ್ಕೆ ಸೇರಿದ ಸೊಗಸಾದ ಶಬ್ದ. ಅದರ ಮುಂದೆ ‘ಬಿಕರಿ’ಯನ್ನು ತಂದಿಟ್ಟಾಗ ನಮಗಾಗುವ ಕಸಿವಿಸಿಗೆ ಕಾರಣವಿಲ್ಲದೆ ಇಲ್ಲ.

ಹರಾಜಿನ ಬೆಲೆಯು ಯೋಗ್ಯತೆಯ ಅಳತೆಯೆಂದು ನಂಬುವವರಿಗೆ ಒಂದು ನಿದರ್ಶನ ಸಾಕು. ೨೦೨೩ರ ಆ ಹರಾಜಿನಲ್ಲಿ ಕನ್ನಡದ ಹುಡುಗಿ ಶ್ರೇಯಾಂಕಾ ಪಾಟೀಲರಿಗೆ ದೊರೆತುದು ೧೦ ಲಕ್ಷ. ೨೦೨೪ರ ಮಾರ್ಚ್ ೧೭ರಂದು ದೆಹಲಿಯಲ್ಲಿ ನಡೆದ ಅಂತಿಮ ಪಂದ್ಯದಲ್ಲಿ ಅವರು ೧೨ ಓಟ ಕೊಟ್ಟು ೪ ವಿಕೆಟ್ ಪಡೆದರು. ಆ ವರ್ಷದ ಪಂದ್ಯಾವಳಿಯಲ್ಲಿ ಅತ್ಯಧಿಕ ವಿಕೆಟ್ ಅವರದೇ. ಕಪ್ಪು ಈ ಸಲ ನಮ್ಮದೇ ಎಂದು ಬೆಂಗಳೂರಿನವರು ವರ್ಷವರ್ಷವೂ ಕೂಗಿದ ಘೋಷಣೆಯನ್ನು ಗಂಡಸರಿಗಿಂತ ಮೊದಲು ನಿಜಮಾಡಿದವರು ಹೆಂಗಸರು. ಐದು ತಂಡಗಳ ಹಕ್ಕು ೪,೬೬೯.೯೯ ಕೋಟಿ ರೂಪಾಯಿಗೆ ಹೋಯಿತು. ಇದನ್ನು ಬಿಕರಿ ಎನ್ನುವುದಕ್ಕೆ ನನ್ನ ಆಕ್ಷೇಪಣೆಯಿಲ್ಲ. ಮಾರಾಟವಾದುದು ತಂಡದ ಒಡೆತನ. ಆಟಗಾರ್ತಿಗೆ ಬಂದುದು ಸಂಬಳ.

‘ಸಮಾನ’ ಎಂಬ ಶಬ್ದವನ್ನೂ ಸ್ವಲ್ಪ ಎಚ್ಚರಿಕೆಯಿಂದ ಬಳಸಬೇಕು. ೨೦೨೨ರ ಅಕ್ಟೋಬರಿನಲ್ಲಿ ಮಂಡಲಿಯವರು ದೇಶದ ಪರವಾಗಿ ಆಡುವ ಗಂಡಸರಿಗೂ ಹೆಂಗಸರಿಗೂ ಪಂದ್ಯದ ಸಂಭಾವನೆಯನ್ನು ಸಮಮಾಡಿದರು: ಟೆಸ್ಟಿಗೆ ೧೫ ಲಕ್ಷ, ಒಂದು ದಿನದ ಪಂದ್ಯಕ್ಕೆ ೬ ಲಕ್ಷ, ಇಪ್ಪತ್ತು ಓವರಿನದಕ್ಕೆ ೩ ಲಕ್ಷ. ದೊಡ್ಡ ಹೆಜ್ಜೆಯೇ ಸರಿ. ಆದರೆ ೨೦೨೩ರ ವಾರ್ಷಿಕ ಕರಾರಿನಲ್ಲಿ ಗಂಡಸರ ಅತ್ಯುನ್ನತ ಶ್ರೇಣಿಗೆ ೭ ಕೋಟಿ, ಹೆಂಗಸರದಕ್ಕೆ ೫೦ ಲಕ್ಷ. ಟೆಸ್ಟಿಗೆ ಸಮನಾದ ಹಣ ಗೊತ್ತಾಯಿತು. ಟೆಸ್ಟುಗಳು ಎಷ್ಟು ನಡೆಯುತ್ತವೆಂಬುದನ್ನು ಮೇಲೆ ನೋಡಿದೆವು. ದೇಶದ ತಂಡಕ್ಕೆ ಬರದ ನೂರಾರು ಮಂದಿಯ ಬದುಕು ನಿಂತಿರುವುದು ರಾಜ್ಯಮಟ್ಟದ ಸಂಭಾವನೆಯ ಮೇಲೆ. ೨೦೨೧ರಿಂದ ದಿನಕ್ಕೆ ೨೦,೦೦೦ ರೂಪಾಯಿಯಾಗಿದ್ದ ಅದನ್ನು ೨೦೨೫ರ ಡಿಸೆಂಬರಿನಲ್ಲಿ ೫೦,೦೦೦ಕ್ಕೆ ಏರಿಸಿದರು. ನನ್ನ ಮಟ್ಟಿಗೆ ಹೆಂಗಸರ ಕ್ರಿಕೆಟ್ಟು ವೃತ್ತಿಯಾದ ಸುದ್ದಿ ಹರಾಜಿನಲ್ಲಿಲ್ಲ, ಇಲ್ಲಿದೆ. ಮಧ್ಯಮ ಪ್ರತಿಭೆಯ ವ್ಯಕ್ತಿಯೂ ಮಾನವಾಗಿ ಬಾಳಬಹುದಾದಾಗ ಮಾತ್ರ ಒಂದು ಕಸುಬು ವೃತ್ತಿಯೆನಿಸಿಕೊಳ್ಳುತ್ತದೆ. ಮಹಾಪ್ರತಿಭೆಗೆ ಕೋಟಿ ಕೊಡುವುದು ಅರಮನೆಯ ಕಾಲದಲ್ಲಿಯೂ ಇತ್ತು.

೨೦೨೫ರ ನವೆಂಬರ್ ೨ರಂದು ನವಿ ಮುಂಬಯಿಯಲ್ಲಿ ಭಾರತದ ತಂಡ ದಕ್ಷಿಣ ಆಫ್ರಿಕವನ್ನು ೫೨ ಓಟಗಳಿಂದ ಸೋಲಿಸಿ ವಿಶ್ವಕಪ್ಪನ್ನು ಗೆದ್ದಿತು. ದೀಪ್ತಿ ಶರ್ಮರ ೫ ವಿಕೆಟ್, ಶೆಫಾಲಿ ವರ್ಮರ ೮೭ ಎಲ್ಲರ ಬಾಯಲ್ಲೂ ಇವೆ. ಅಂದು ರಾತ್ರಿ ಮೈದಾನದಲ್ಲಿ ಗೆದ್ದವರು ಆ ಕಪ್ಪನ್ನು ಒಯ್ದು ಮಿತಾಲಿ ರಾಜ್, ಝೂಲನ್ ಗೋಸ್ವಾಮಿ, ಅಂಜುಮ್ ಚೋಪ್ರಾ ಅವರ ಕೈಯಲ್ಲಿಟ್ಟರು. ಚರಿತ್ರಕಾರರು ಬಿಟ್ಟುದನ್ನು ಆಟಗಾರ್ತಿಯರು ಬಿಡಲಿಲ್ಲ. ಆದರೆ ಆ ಮೂವರ ಹಿಂದೆ ಇನ್ನೂ ಒಂದು ತಲೆಮಾರಿದೆ. ೧೯೭೬ರಲ್ಲಿ ಬೆಂಗಳೂರಿನಲ್ಲಿ ಆಡಿದವರು, ಅವರೊಡನೆ ಅಭ್ಯಾಸ ಮಾಡಿ ತಂಡಕ್ಕೆ ಬರಲಾರದೆ ಹೋದವರು, ಓಟಗಳನ್ನು ಬರೆದುಕೊಂಡವರು, ರಜೆಯ ಅರ್ಜಿ ಮಂಜೂರು ಮಾಡಿದ ಬ್ಯಾಂಕಿನ ಮೇಲಧಿಕಾರಿಗಳು ನಮ್ಮ ನಡುವೆಯೇ ಇದ್ದಾರೆ.

ಇಂಗ್ಲೆಂಡಿನ ಹೆಂಗಸರಿಗೆ ಪೊಲಾರ್ಡರ ಪತ್ರಿಕೆಯಿತ್ತು. ೧೯೭೬ರಲ್ಲಿಯೇ ಹೇಹೋ ಫ್ಲಿಂಟರೂ ನೆಟ್ಟಾ ರೈನ್‌ಬರ್ಗರೂ ತಮ್ಮ ಆಟದ ಚರಿತ್ರೆಯನ್ನು ಪುಸ್ತಕವಾಗಿ ಬರೆದರು. ಕನ್ನಡದಲ್ಲಿ ಅಂಥದೊಂದನ್ನು ಬರೆಯಲು ಹೊರಡುವವರಿಗೆ ಹಾಳೆಗಳು ಬೇಕು. ಮೈಸೂರು, ಬೆಂಗಳೂರು, ಧಾರವಾಡ, ಮಂಗಳೂರುಗಳ ಕಾಲೇಜುಗಳಲ್ಲಿ ಪಾಠ ಹೇಳುವ ಮಹನೀಯರು ತಮ್ಮ ಸಂಸ್ಥೆಯ ಹಳೆಯ ವಾರ್ಷಿಕ ಸಂಚಿಕೆಗಳಲ್ಲಿ ಹೆಣ್ಣುಮಕ್ಕಳ ಕ್ರಿಕೆಟ್ ತಂಡದ ಛಾಯಾಚಿತ್ರ, ಓಟಗಳ ಪಟ್ಟಿ, ಪ್ರವಾಸದ ವರದಿಗಳು ದೊರೆತರೆ ಪ್ರತಿಮಾಡಿ ಈ ಪತ್ರಿಕೆಯ ಸಂಪಾದಕರಿಗೆ ಕಳುಹಿಸಬೇಕೆಂದು ಕೋರುತ್ತೇನೆ. ಚಿತ್ರದ ಹಿಂಬದಿಯಲ್ಲಿ ಹೆಸರುಗಳು ಬರೆದಿದ್ದರೆ ಅವನ್ನು ಇದ್ದ ಹಾಗೆಯೇ, ಇನಿಷಿಯಲ್ಲುಗಳ ಸಮೇತ, ನಕಲುಮಾಡಿಕೊಳ್ಳಬೇಕು. ಮದುವೆಯ ಅನಂತರ ಹೆಸರು ಬದಲಾಗಿದ್ದರೆ ಎರಡನ್ನೂ ಬರೆಯಬೇಕು.